ಖೆಡ್ಡಾದ ಅಟ್ಟಣೆ

ಕಾಡಾನೆಗಳನ್ನು ಹಿಂಡುಹಿಂಡಾಗಿ ಹಿಡಿಯುವ ಖೆಡ್ಡಾ ಮೈಸೂರು ಸೀಮೆಯಲ್ಲಿ ಬೇರೂರಿದ್ದು 1874ರಲ್ಲಿ, ಸ್ಯಾಂಡರ್ಸನ್ ಎಂಬ ಆಂಗ್ಲ ಅಧಿಕಾರಿಯ ಕೈಯಿಂದ. ಅದಕ್ಕೆ ನೂರು ವರ್ಷ ಹಿಂದೆ ಹೈದರಾಲಿ ಕಾಕನಕೋಟೆಯಲ್ಲಿ ಇದೇ ಪ್ರಯತ್ನ ನಡೆಸಿ ಸೋತನಂತೆ; ಮುಂದೆ ಈ ಕೆಲಸಕ್ಕೆ ಕೈಹಾಕುವವರಿಗೆ ಶಾಪ ತಟ್ಟಲೆಂದು ಕಲ್ಲಿನಲ್ಲಿ ಕೆತ್ತಿಸಿದನಂತೆ. ಈ ಸಂಗತಿಯನ್ನು 1878ರ ತನ್ನ ಪುಸ್ತಕದಲ್ಲಿ ದಾಖಲಿಸಿದವನು ಸ್ಯಾಂಡರ್ಸನ್ನನೇ!

ಮೊದಮೊದಲು ಇದು ಉಪಯೋಗದ ಮಾತಾಗಿತ್ತು. ದಿಮ್ಮಿ ಎಳೆಯಲು, ಭಾರ ಹೊರಲು ಸರ್ಕಾರಕ್ಕೆ ಆನೆ ಬೇಕು. ಹೊಲದ ಪೈರಿಗೆ ಆನೆಯ ಕಾಟ ತಪ್ಪಬೇಕು. ಬಹುಬೇಗ ಅದು ಅತಿಥಿಸತ್ಕಾರವೂ ಆಯಿತು. ವಿಕ್ಟೋರಿಯಾ ರಾಣಿಯ ಮೊಮ್ಮಗ ಆಲ್ಬರ್ಟ್ ವಿಕ್ಟರ್ 1889ರಲ್ಲಿ ಮೈಸೂರಿಗೆ ಬಂದಾಗ ಅವನಿಗೆ ತೋರಿಸಿದ ವಿಶೇಷಗಳಲ್ಲಿ ಖೆಡ್ಡಾ ಒಂದು. ಕಾಡುಕುರುಬರು ಹಿಂಡಿನ ಜಾಡು ಹಿಡಿಯಬೇಕು. ತಮಟೆ, ಪಂಜು, ಕೋವಿಯ ಸದ್ದಿನಿಂದ ಆನೆಗಳನ್ನು ಬೆದರಿಸಿ ಕಬಿನಿ ಹೊಳೆಗೆ ಇಳಿಸಬೇಕು. ಹೊಳೆ ದಾಟಿಸಿ ದೊಡ್ಡಿಗೆ ನೂಕಬೇಕು. ಇದೆಲ್ಲ ದೊರೆಗಳು ಅಟ್ಟಣೆಯೇರಿ ಕುಳಿತ ಹೊತ್ತಿಗೆ ಸರಿಯಾಗಿ ನಡೆಯಬೇಕು. ಹಳೆಯ ಛಾಯಾಚಿತ್ರಗಳಲ್ಲಿ ನನ್ನ ಕಣ್ಣು ಆನೆಗಿಂತ ಹೆಚ್ಚಾಗಿ ಈ ಅಟ್ಟಣೆಯ ಮೇಲೆಯೇ ನಿಲ್ಲುತ್ತದೆ. ಕೆಳಗೆ ಮರಿಯನ್ನು ನಡುವೆ ಇಟ್ಟುಕೊಂಡು ಹೊಯ್ದಾಡುವ ತಾಯಿ. ಮೇಲೆ ಕುರ್ಚಿಗಳ ಸಾಲು.

ಆಮೇಲೆ ಸಿನಿಮಾ ಬಂದಿತು. ಕಾರಾಪುರದ ಮಾವುತನ ಮಗ ಸಾಬುವನ್ನು ಆರಿಸಿಕೊಂಡು ಫ್ಲಾಹರ್ಟಿ ತೆಗೆದ 'ಎಲಿಫೆಂಟ್ ಬಾಯ್' 1937ರಲ್ಲಿ ತೆರೆಕಂಡಿತು. ಮೈಸೂರಿನ ಕಾಡಾನೆಗಳ ದಿಗಿಲು ಲೋಕದ ಊರೂರಿನ ಟಾಕೀಸುಗಳಲ್ಲಿ ವಿನೋದವಾಯಿತು. ಅಟ್ಟಣೆ ಆ ಮಟ್ಟಿಗೆ ಅಗಲವಾಯಿತು.

ದುಡಿಮೆಗಾಗಿ ಆನೆ ಹಿಡಿದುದನ್ನು ಆ ಕಾಲದ ಅಗತ್ಯವೆಂದು ಸಮರ್ಥಿಸುವವರು ಇದ್ದಾರು. ಆದರೆ ಅತಿಥಿಯ ಬಿಡುವಿಗೆ ತಕ್ಕಂತೆ ಪ್ರಾಣಿಯ ಭಯಕ್ಕೆ ಮುಹೂರ್ತವಿಡುವುದನ್ನು ಯಾವ ಅಗತ್ಯವೆಂದು ಕರೆಯೋಣ?

ಕಡೆಯ ಖೆಡ್ಡಾ ನಡೆದದ್ದು 1971ರಲ್ಲಿ. ಮರುವರ್ಷ ವನ್ಯಜೀವಿ ಸಂರಕ್ಷಣಾ ಕಾಯಿದೆ ಬಂದಿತು. ಹಳೆಯ ಖೆಡ್ಡಾದ ನೆಲವನ್ನು ಕಬಿನಿ ಜಲಾಶಯದ ನೀರು ಮುಚ್ಚಿತು. ಅಟ್ಟಣೆ ಮಾತ್ರ ಮುಳುಗಲಿಲ್ಲ. ಈಗ ಅದು ನಮ್ಮ ಅಂಗೈಗೇ ಬಂದು ಕುಳಿತಿದೆ. ಕಾಡಿನ ರಸ್ತೆಯಲ್ಲಿ ಕಾರು ನಿಲ್ಲಿಸಿ, ಹಾರನ್ನು ಬಾರಿಸಿ, ಕೆರಳಿದ ಆನೆಯನ್ನು ಮೊಬೈಲಿನಲ್ಲಿ ಹಿಡಿಯುವವನಿಗೂ ಪ್ರೇಕ್ಷಕರು ಬೇಕು. ಆ ಪ್ರೇಕ್ಷಕರು ನಾವು. ಮನೆಯಲ್ಲಿ ಕುಳಿತು ಅದನ್ನು ನೋಡಿ ನಗುವ ಮುನ್ನ ಒಂದು ಮಾತು ಕೇಳಿಕೊಳ್ಳಬಹುದು: ನೋಡಲು ನಾವಿಲ್ಲದಿದ್ದರೆ ಈ ಪ್ರಾಣಿಗೆ ಈ ಪಾಡು ಬರುತ್ತಿತ್ತೇ?