ಗದಗ ಸೀಮೆಯ ಅರಳೆ ವ್ಯಾಪಾರಿ: ಎರೆಹೊಲಕ್ಕೂ ಬಂದರಿಗೂ ನಡುವಿನ ಒಂದು ವೃತ್ತಿ

ಗದಗ-ಬೆಟಗೇರಿ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿ ಸೀಮೆಯ ಹತ್ತಿಗೆ ಹತ್ತೊಂಬತ್ತನೆಯ ಶತಮಾನದ ನಡುವಿನ ಹೊತ್ತಿಗಾಗಲೇ ಲಿವರ್‌ಪೂಲಿನಲ್ಲಿ ದರ ಕಟ್ಟುತ್ತಿದ್ದರು. ಆ ರಫ್ತಿನ ಕಥೆಯಲ್ಲಿ ಸಾಮಾನ್ಯವಾಗಿ ಕೇಳಿಬರುವ ಹೆಸರುಗಳು ಮೂರು: ಧಾರವಾಡದ ಕಲೆಕ್ಟರ್ ಶಾ, ಅಮೆರಿಕದಿಂದ ಬಂದ ಹತ್ತಿ ಬೆಳೆಗಾರ ಮರ್ಸರ್, ಧಾರವಾಡದ ಸರಕಾರಿ ಜಿನ್ ಕಾರ್ಖಾನೆಯ ಡಾ. ಫೋರ್ಬ್ಸ್. ಮುಂಬಯಿ ಪ್ರಾಂತದ ಹತ್ತಿಯ ಮೇಲೆ ವಾಲ್ಟರ್ ಕ್ಯಾಸೆಲ್ಸ್ 1862ರಲ್ಲಿ ಪ್ರಕಟಿಸಿದ ಗ್ರಂಥವಾಗಲಿ, 1884ರ ಧಾರವಾಡ ಗೆಜೆಟಿಯರ್ ಆಗಲಿ ಅಧಿಕಾರಿಯ ಕಣ್ಣಿನಿಂದ ಬರೆದವು. ಊರಿನ ವ್ಯಾಪಾರಿಗೆ ಅಲ್ಲಿ ಹೆಸರಿಲ್ಲ. ಅರಳೆಯಲ್ಲಿ ಕಸ ಬೆರೆತಾಗ ಮಾತ್ರ ಅವನ ಪ್ರಸ್ತಾಪ ಬರುತ್ತದೆ. ರಫ್ತಿನ ಭಾರ ಹೊತ್ತವನು ಈ ಹೆಸರಿಲ್ಲದ ಅಡತಿಯೇ, ಎಂದರೆ ಊರಿನ ಮಧ್ಯವರ್ತಿ ವ್ಯಾಪಾರಿಯೇ, ಎಂಬುದು ಈ ಲೇಖನದ ವಾದ. ಅವನ ಸಾಹಸ ಬಂದರಿನ ಬಾಗಿಲಲ್ಲಿ ನಿಂತದ್ದಕ್ಕೆ ಋತು, ಯಂತ್ರ, ಗಡಿ, ಬಂಡವಾಳ ಈ ನಾಲ್ಕೂ ಕಾರಣ. ಅವನ ಎದೆಗಾರಿಕೆ ಸಾಲದೆ ಹೋಯಿತೆಂದು ಹೇಳಲು ಆಧಾರವಿಲ್ಲ.

ದೂರದ ವ್ಯಾಪಾರ ಈ ನೆಲಕ್ಕೆ ಹೊಸದಲ್ಲ. ಮುಂಡರಗಿ ತಾಲ್ಲೂಕಿನ ಡಂಬಳದಲ್ಲಿ 1095ರ ಶಾಸನವೊಂದಿದೆ. ಆ ಊರಿನ ಹದಿನಾರು ಸೆಟ್ಟಿಗಳು ಬೌದ್ಧ ವಿಹಾರ ಕಟ್ಟಿಸಿದ್ದನ್ನೂ ಲೊಕ್ಕಿಗುಂಡಿಯ, ಎಂದರೆ ಇಂದಿನ ಲಕ್ಕುಂಡಿಯ, ಸೆಟ್ಟಿಯೊಬ್ಬ ಆರ್ಯತಾರಾದೇವಿಗೆ ಗುಡಿ ಮಾಡಿಸಿದ್ದನ್ನೂ ಅದು ಹೇಳುತ್ತದೆ. ಕರ್ನಾಟಕದಲ್ಲಿ ಬೌದ್ಧಧರ್ಮ ಅಳಿವಿನಂಚಿಗೆ ಬಂದಿದ್ದ ಕಾಲದಲ್ಲೂ ಅದನ್ನು ಸಾಕುವಷ್ಟು ಹಣವೂ ಹೊರನಾಡಿನ ಸಂಪರ್ಕವೂ ಈ ವರ್ತಕರಿಗಿತ್ತು. ಆದರೆ ಅವರಿಗೂ ಬ್ರಿಟಿಷರ ಕಾಲದ ಅಡತಿಗಳಿಗೂ ನೇರ ವಂಶಾವಳಿ ಹೆಣೆಯುವ ಉತ್ಸಾಹ ನನಗಿಲ್ಲ. ನಡುವಿನ ಏಳೆಂಟು ಶತಮಾನಗಳನ್ನು ಹಾಗೆ ಹಾರಿಬಿಡಲು ಬರುವುದಿಲ್ಲ.

ಅಡತಿಯ ವರ್ಷವನ್ನು ಆಳುತ್ತಿದ್ದುದು ಮಳೆಗಾಲ. ಇಲ್ಲಿಯ ದೇಸಿ ಹತ್ತಿಯನ್ನು ಹುಬ್ಬಿ-ಉತ್ತರಿ ಮಳೆಯ ಸುಮಾರಿಗೆ ಎರೆಹೊಲಕ್ಕೆ ಬಿತ್ತುತ್ತಿದ್ದರು. ಬಿಡಿಸುವುದು ಫೆಬ್ರುವರಿಯಿಂದ ಏಪ್ರಿಲ್ ತನಕ. ಸಾಗಬೇಕಾದ ಬಂದರು ಕುಮಟಾ. ಮುಂಬಯಿಯ ಪೇಟೆಯೂ ಲಿವರ್‌ಪೂಲೂ ಈ ಹತ್ತಿಯನ್ನು ಗುರುತಿಸುತ್ತಿದ್ದುದು ‘ಕುಮ್ಟಾ’ ಎಂದೇ. ಕುಮಟೆಯಲ್ಲಿ ಒಂದು ಗಿಡವನ್ನೂ ಬೆಳೆಯದ ಹತ್ತಿಗೆ ಆ ಹೆಸರು! ಜೂನಿನಿಂದ ಸೆಪ್ಟೆಂಬರ್ ತನಕ ಪಶ್ಚಿಮದ ಕಡಲಲ್ಲಿ ಹಾಯಿಹಡಗು ಓಡುತ್ತಿರಲಿಲ್ಲ. ಹೀಗಾಗಿ ಕೊನೆಯ ಬಿಡಿಸುವಿಕೆಗೂ ಬಂದರು ಮುಚ್ಚುವುದಕ್ಕೂ ನಡುವೆ ಸಿಗುತ್ತಿದ್ದುದು ಕೆಲವೇ ವಾರಗಳು. ಅಷ್ಟರೊಳಗೆ ಕಾಳು ಬೇರ್ಪಡಿಸಬೇಕು, ಅಂಡಿಗೆ ತುಂಬಬೇಕು, ಎತ್ತುಗಳ ಮೇಲೆ ಹೇರಿ ಶಿರಸಿಯ ದಾರಿಯಾಗಿ ದೇವಿಮನೆ ಘಟ್ಟ ಇಳಿಸಬೇಕು, ಮಚವೆ ಹಿಡಿದು ಮುಂಬಯಿಗೆ ಕಳಿಸಬೇಕು. ಮಾಲು ತಡವಾದರೆ ನಾಲ್ಕು ತಿಂಗಳು ವಖಾರಿಯಲ್ಲಿ ಕೂತು ಬಡ್ಡಿ ತಿನ್ನುತ್ತಿತ್ತು. ಅದರೊಂದಿಗೆ ಮಳೆಯ ತಂಪಿಗೆ ಬಣ್ಣವೂ ಕೆಡುತ್ತಿತ್ತು.

ಹೇರೆತ್ತಿನ ಸಾಗಣೆ ಹೆಚ್ಚಾಗಿ ಲಂಬಾಣಿಗರ ಕೈಯಲ್ಲಿತ್ತು. ಘಟ್ಟ ಇಳಿಯುವಾಗ ಅರಳೆ, ಏರಿ ಬರುವಾಗ ಉಪ್ಪು, ತೆಂಗು. ಗದಗ, ಶಿರಹಟ್ಟಿ, ಮುಂಡರಗಿ ತಾಲ್ಲೂಕುಗಳ ತುಂಬ ಇಂದಿಗೂ ಕಾಣುವ ತಾಂಡಾಗಳನ್ನು ಈ ವಾಣಿಜ್ಯದ ಭೂಪಟವಾಗಿಯೂ ಓದಬೇಕು. ಒಕ್ಕಲಿಗನಿಗೆ ಬಿತ್ತುವ ಹೊತ್ತಿಗೇ ಮುಂಗಡ ಕೊಟ್ಟು, ಸುಗ್ಗಿಯಲ್ಲಿ ಮಾಲು ಹಿಡಿದು, ಹೇರಿನವರಿಗೆ ಬಾಡಿಗೆ ತೆತ್ತು, ಮುಂಬಯಿಯ ಹುಂಡಿ ಕೈಸೇರುವ ತನಕ ಕಾಯುತ್ತಿದ್ದವನು ಅಡತಿ. ಬೆಲೆ ತೀರ್ಮಾನವಾಗುತ್ತಿದ್ದುದು ಮಾತ್ರ ಅವನ ಕಣ್ಣಿಗೆ ಬೀಳದ ಊರಿನಲ್ಲಿ. ನಷ್ಟದ ಭಯ ಇಡಿಯಾಗಿ ಇಲ್ಲಿ, ದರದ ಹಿಡಿತ ಇಡಿಯಾಗಿ ಅಲ್ಲಿ. ಮುಂದಿನ ನೂರು ವರ್ಷಗಳಲ್ಲಿ ಸಾಗಣೆ ಬದಲಾಯಿತು, ಯಂತ್ರ ಬದಲಾಯಿತು. ಈ ಏರ್ಪಾಡು ಬದಲಾಗಲಿಲ್ಲ.

1840ರಲ್ಲಿ ಈಸ್ಟ್ ಇಂಡಿಯಾ ಕಂಪನಿ ಅಮೆರಿಕದಿಂದ ಹತ್ತಿ ಬೆಳೆಗಾರರನ್ನು ಕರೆಸಿತು. ಅವರಲ್ಲೊಬ್ಬನಾದ ಮರ್ಸರ್ ಹುಬ್ಬಳ್ಳಿ ಹತ್ತಿರದ ಕುಸುಗಲ್ಲಿನಲ್ಲಿ ಪ್ರಯೋಗದ ಹೊಲ ಮಾಡಿದ. ಶಾ ನ್ಯೂ ಆರ್ಲಿಯನ್ಸ್ ಬೀಜವನ್ನು ರೈತರ ಕೈಗೆ ಮುಟ್ಟಿಸಿದ. ಸರಕಾರಿ ಪ್ರಯೋಗದ ಹೊಲಗಳು ದಂಡದ ಖರ್ಚು, ಇಲ್ಲಿಯ ಹವೆಯನ್ನು ಇಲ್ಲಿಯ ಒಕ್ಕಲಿಗನೇ ಚೆನ್ನಾಗಿ ಬಲ್ಲ ಎಂದು ಕೆಲ ವರ್ಷಗಳ ನಂತರ ಮರ್ಸರನೇ ಸರಕಾರಕ್ಕೆ ತಿಳಿಸಿದ. ಇಡೀ ಪ್ರಕರಣದಲ್ಲಿ ನನಗೆ ಹಿಡಿಸಿದ ಪ್ರಾಮಾಣಿಕ ಮಾತು ಇದು. ಬೀಜವಂತೂ ಬೇರೂರಿತು. ‘ಧಾರವಾಡ-ಅಮೆರಿಕನ್’ ಎಂಬ ಹೆಸರಿನಲ್ಲಿ ಗದಗಿನ ಸುತ್ತಲ ಎರೆಯಲ್ಲಿ ಹಬ್ಬಿತು.

ಜೊತೆಗೆ ಒಂದು ತೊಡಕೂ ಬಂತು. ದೇಸಿ ಹತ್ತಿಯ ಕಾಳನ್ನು ಹೆಂಗಸರು ಕಲ್ಲಿನ ಮೇಲೆ ಕಬ್ಬಿಣದ ಸಲಾಕೆಯನ್ನು ಪಾದದಿಂದ ಉರುಳಿಸಿ ಮನೆಯಲ್ಲೇ ಬಿಡಿಸುತ್ತಿದ್ದರು. ಅಮೆರಿಕದ ಹತ್ತಿಕಾಳಿಗೆ ನಾರು ಬಿಗಿಯಾಗಿ ಅಂಟಿರುವುದರಿಂದ ಅದು ಕಾಲಿನ ಸಲಾಕೆಗೆ ಬಗ್ಗಲಿಲ್ಲ; ಗರಗಸದ ಹಲ್ಲುಳ್ಳ ಜಿನ್ ಬೇಕಾಯಿತು. ಆ ಜಿನ್ನುಗಳನ್ನು ಮಾಡಿ, ದುರಸ್ತಿ ಮಾಡಿಕೊಡಲು ಧಾರವಾಡದಲ್ಲಿ ಸರಕಾರಿ ಕಾರ್ಖಾನೆ ನಡೆಯಿತು. ಮನೆಯ ಅಂಗಳದಲ್ಲಿದ್ದ ಕೆಲಸ ಯಂತ್ರ ಇಟ್ಟುಕೊಳ್ಳಬಲ್ಲವನ ಪಾಲಾಯಿತು. ಅಡತಿ ಜಿನ್ ಮಾಲೀಕನಾಗತೊಡಗಿದ್ದು ಇಲ್ಲಿಂದ. ರೈತ ಕಾಳುಸಹಿತ ಹತ್ತಿಯನ್ನೇ ಮಾರತೊಡಗಿದ. ಇದರಿಂದ ಬೀಜವೂ ಅವನ ಹಿಡಿತ ತಪ್ಪಿ, ಜಿನ್ನಿನಲ್ಲಿ ಬೆರೆತ ಕಾಳೇ ಮರುವರ್ಷ ಹೊಲಕ್ಕೆ ಬೀಳುವಂತಾಯಿತು. ಲಿವರ್‌ಪೂಲಿನವರು ದೂರಿದ ಬೆರಕೆಯ ಬೇರು ಬಹುಪಾಲು ಇಲ್ಲಿದೆ. ಕಲ್ಲು, ನೀರು, ಕಸ ಸೇರಿಸಿ ತೂಕ ಹೆಚ್ಚಿಸುವ ಕಳ್ಳತನವೂ ಇತ್ತೆನ್ನಿ. ಅದನ್ನು ಮುಚ್ಚಿಡುವ ಅಗತ್ಯವಿಲ್ಲ.

ಬೆರಕೆಗೆ ಶಿಕ್ಷೆ ವಿಧಿಸುವ ಕಾಯ್ದೆಯನ್ನು ಮುಂಬಯಿ ಸರಕಾರ 1863ರಲ್ಲಿ ಮಾಡಿತು. ಆದರೆ ನಮ್ಮ ನಾಲ್ಕು ಊರುಗಳ ಆಡಳಿತ ನೋಡಿ. ಗದಗ, ಮುಂಡರಗಿ ಬ್ರಿಟಿಷರ ಧಾರವಾಡ ಜಿಲ್ಲೆ. ಶಿರಹಟ್ಟಿ ಸಾಂಗಲಿ ಸಂಸ್ಥಾನದ್ದು. ಲಕ್ಷ್ಮೇಶ್ವರ ಮಿರಜ ಸಂಸ್ಥಾನದ್ದು. ಒಂದು ದಿನದ ಬಂಡಿಹಾದಿಯಲ್ಲಿ ಮೂರು ದೊರೆತನ. ಬ್ರಿಟಿಷ್ ಕಾಯ್ದೆ ಸಂಸ್ಥಾನದ ನೆಲದಲ್ಲಿ ತಾನಾಗಿ ಜಾರಿಯಾಗುವಂತಿರಲಿಲ್ಲ. ಎರೆಯೂ ಹತ್ತಿಯೂ ಮಾತ್ರ ಗಡಿಯ ಎರಡೂ ಬದಿಗೆ ಒಂದೇ. ಅಡತಿಗೆ ಗಡಿ ಕೆಲವೊಮ್ಮೆ ಮರೆ, ಕೆಲವೊಮ್ಮೆ ಸುಂಕದ ಕಟ್ಟೆ. ಇಂಥ ಸೀಮೆಯಲ್ಲಿ ಮಾಲಿನ ಶುದ್ಧತೆಗೆ ಒಬ್ಬನ ಹೆಸರಿನ ಭರವಸೆ ನಿಲ್ಲುವುದು ಕಷ್ಟ. ಅಂಥ ಹೆಸರಿಲ್ಲದೆ ಲಿವರ್‌ಪೂಲಿನೊಡನೆ ನೇರ ವ್ಯವಹಾರ ಅಸಾಧ್ಯ.

1861ರಲ್ಲಿ ಅಮೆರಿಕದ ಅಂತರ್ಯುದ್ಧ ಶುರುವಾಗಿ ಲ್ಯಾಂಕಾಶೈರಿನ ಗಿರಣಿಗಳಿಗೆ ಹತ್ತಿ ಸಿಗದಂತಾದಾಗ ಇಲ್ಲಿ ಬೆಲೆ ಹಲವು ಪಟ್ಟು ಏರಿತು. ಅದಕ್ಕೂ ಮೊದಲೇ, 1860ರಲ್ಲಿ, ಮ್ಯಾಂಚೆಸ್ಟರ್ ಕಾಟನ್ ಕಂಪನಿ ಸ್ಥಾಪನೆಯಾಗಿತ್ತು. ನಡುವಿನವರನ್ನು ಬಿಟ್ಟು ಧಾರವಾಡದ ರೈತನಿಂದಲೇ ಹತ್ತಿ ಕೊಂಡು ಕಾರವಾರದ ಪಕ್ಕದ ಸದಾಶಿವಗಡದಿಂದ ಹಡಗು ಹೊರಡಿಸುವುದು ಅದರ ಲೆಕ್ಕಾಚಾರ. ಮ್ಯಾಂಚೆಸ್ಟರಿನ ಒತ್ತಾಯದಿಂದ 1862ರಲ್ಲಿ ಉತ್ತರ ಕನ್ನಡವನ್ನೇ ಮದ್ರಾಸಿನಿಂದ ಬಿಡಿಸಿ ಮುಂಬಯಿ ಪ್ರಾಂತಕ್ಕೆ ಸೇರಿಸಲಾಯಿತು. ಒಂದು ಜಿಲ್ಲೆ ಪ್ರಾಂತ ಬದಲಿಸಿತು, ಅದೂ ಹತ್ತಿಗಾಗಿ! ಇಷ್ಟಾಗಿಯೂ ಕಂಪನಿಯ ಯಂತ್ರಗಳು ಬಂದು ಮುಟ್ಟಿದಾಗ ಘಟ್ಟದ ರಸ್ತೆ ಮುಗಿದಿರಲಿಲ್ಲ, ಬಂದರಿನ ಕಟ್ಟೆ ಸಿದ್ಧವಿರಲಿಲ್ಲ. ಕೆಲವೇ ವರ್ಷಗಳಲ್ಲಿ ಕಂಪನಿ ಬಾಗಿಲು ಹಾಕಿತು. ಅಡತಿಗಳು ತಮ್ಮ ಹೇರೆತ್ತು, ಮುಂಗಡ, ಕುಮಟೆಯ ಪರಿಚಯಗಳಿಂದ ಅದೇ ವರ್ಷಗಳಲ್ಲಿ ಅರಳೆ ಸಾಗಿಸುತ್ತಲೇ ಇದ್ದರು. ಮಾಲು ಹಿಡಿಯಲು ಊರಿನ ನಂಟು ಬೇಕಿತ್ತು. ಮ್ಯಾಂಚೆಸ್ಟರಿನ ಷೇರು ಹಣ ಅದನ್ನು ಕೊಳ್ಳಲಾರದೆ ಹೋಯಿತು. ಯುದ್ಧ ಮುಗಿದ 1865ರಲ್ಲಿ ಮುಂಬಯಿಯ ಹತ್ತಿ ಸಟ್ಟಾ ಕುಸಿಯಿತು. ಅದರ ಪೆಟ್ಟು ಇಲ್ಲಿಯ ಸಾಲಗಾರ ರೈತನ ಹೊಲದ ತನಕ ಬಂತು.

1880ರ ದಶಕದಲ್ಲಿ ಸದರ್ನ್ ಮರಾಠಾ ರೈಲ್ವೆ ಬಂದು ಗದಗ ಜಂಕ್ಷನ್ ಆಯಿತು. ಹೊಟಗಿ, ಹುಬ್ಬಳ್ಳಿ, ಬಳ್ಳಾರಿಯ ದಾರಿಗಳು ಇಲ್ಲಿ ಕೂಡಿದವು; ಮರ್ಮಗೋವೆಯ ಬಂದರಿಗೂ ದಾರಿ ತೆರೆಯಿತು. ಕುಮಟೆ ಸೊರಗಿತು, ಲಂಬಾಣಿಗರ ಹೇರು ನಿಂತಿತು. ಗದಗ-ಬೆಟಗೇರಿಯಲ್ಲಿ ಜಿನ್ನು, ಪ್ರೆಸ್ಸುಗಳು ಎದ್ದವು. 392 ಪೌಂಡಿನ ಬಿಗಿದ ಬೇಲು ವ್ಯಾಪಾರದ ಅಳತೆಯಾಯಿತು. ದಖ್ಖನಿನ ಒಳಪೇಟೆಗಳಿಗೆ ಯುರೋಪಿನ, ಆಮೇಲೆ ಜಪಾನಿನ ಕೊಳ್ಳುವ ಕಂಪನಿಗಳ ಏಜೆಂಟರು ಬಂದರು. ಕಡಲು ಹತ್ತಿರವಾದಂತೆ ಊರಿನ ವ್ಯಾಪಾರಿ ರಫ್ತುದಾರನಾಗಬೇಕಿತ್ತು. ಆದದ್ದು ತಿರುಗುಮುರುಗು: ಸ್ವಂತ ಹೊಣೆಯಲ್ಲಿ ಕುಮಟೆಗೆ ಮಾಲು ಇಳಿಸುತ್ತಿದ್ದವನು ಈಗ ಸ್ಟೇಷನ್ನಿನ ಬಳಿಯೇ ದಲಾಲಿ ಎಣಿಸಿಕೊಂಡು ಉಳಿದ. ತಂತಿಯಲ್ಲಿ ಬರುವ ಮುಂಬಯಿ ದರಕ್ಕೆ ಎದುರಾಗಿ ಅವನ ಊಹೆಗೆ ಬೆಲೆ ಉಳಿಯಲಿಲ್ಲ.

ದರ ತಿಳಿಯದ ರೈತನ ಪಾಡು ಇನ್ನೂ ಹೀನ. ವಲ್ಲಿಯ ಕೆಳಗೆ ಬೆರಳು ಹಿಡಿದು ಗುಟ್ಟಾಗಿ ದರ ಕುದುರಿಸುವುದು, ದಲಾಲಿ, ಹಮಾಲಿ, ಸೂಟು, ಧರ್ಮಾದಾಯ ಎಂದು ಕತ್ತರಿಸುವುದು ದೇಶದ ಪೇಟೆಗಳಲ್ಲೆಲ್ಲ ವಾಡಿಕೆಯಾಗಿತ್ತು. ಇದಕ್ಕೆ ಎದುರು ನಿಂತದ್ದು ಗದಗ ಸೀಮೆಯ ದೊಡ್ಡ ಕಾಣಿಕೆ. ಕಣಗಿನಹಾಳದಲ್ಲಿ ಸಿದ್ಧನಗೌಡ ಸಣ್ಣರಾಮನಗೌಡ ಪಾಟೀಲರು 1905ರಲ್ಲಿ ಕಟ್ಟಿದ ಪತ್ತಿನ ಸಂಘ ದೇಶದ ಮೊದಲ ಸಹಕಾರ ಸಂಘವೆಂದು ಪ್ರಸಿದ್ಧ. ಹುಬ್ಬಳ್ಳಿಯಲ್ಲಿ 1915ರಲ್ಲಿ, ಗದಗಿನಲ್ಲಿ 1917ರಲ್ಲಿ ಸಹಕಾರಿ ಹತ್ತಿ ಮಾರಾಟ ಸಂಘಗಳು ಹುಟ್ಟಿದವು. ಸದಸ್ಯರ ಹತ್ತಿಯನ್ನು ದರ್ಜೆವಾರು ಬೇರೆ ಮಾಡಿ ಬಹಿರಂಗ ಹರಾಜಿಗಿಡುವುದು, ಇಟ್ಟ ಮಾಲಿನ ಮೇಲೆ ಸಾಲ ಕೊಡುವುದು, ಶುದ್ಧ ಬೀಜ ಹಂಚುವುದು ಇವು ಅಡತಿಯ ಕೆಲಸಗಳೇ. ಲಾಭದ ಒಡೆಯರು ಮಾತ್ರ ಬೇರೆ. 1860ರ ದಶಕದಲ್ಲಿ ಮ್ಯಾಂಚೆಸ್ಟರ್ ಹಣ ಸುರಿದು ಸೋತ ಕಡೆ ಎರೆಹೊಲದ ಗೌಡರು ಗೆದ್ದರು ಎನ್ನಬೇಕು. ಗೆದ್ದದ್ದು ಹರಾಜುಕಟ್ಟೆಯ ಮಟ್ಟಿಗೆ. ಸಂಘದ ಹತ್ತಿಯನ್ನು ಕೊಂಡು ಹಡಗಿಗೆ ಹಾಕಿದವರು ಬೇರೆಯವರೇ.

ಬೀಜದ ಕಥೆ ಇದಕ್ಕಿಂತ ಸುಖಕರ. ಜಿ. ಎಲ್. ಕೊಟ್ಟೂರರು ಧಾರವಾಡ-ಅಮೆರಿಕನ್ ಹತ್ತಿಯಿಂದ ಆಯ್ದ ‘ಗದಗ ನಂ. 1’, ಅದನ್ನು ಕಾಂಬೋಡಿಯಾ ತಳಿಯೊಡನೆ ಕೂಡಿಸಿ ಬಂದ ‘ಲಕ್ಷ್ಮಿ’, ಲಕ್ಷ್ಮಿಯನ್ನು ಒಂದು ಪೋಷಕ ತಳಿಯಾಗಿಟ್ಟು ಬಿ. ಎಚ್. ಕಟರಕಿಯವರು 1972ರಲ್ಲಿ ಹೊರತಂದ ‘ವರಲಕ್ಷ್ಮಿ’ ಸಂಕರ, ಇವುಗಳಲ್ಲಿ ಶಾನ ಕಾಲದ ನ್ಯೂ ಆರ್ಲಿಯನ್ಸ್ ಬೀಜದ ರಕ್ತ ಹರಿಯುತ್ತದೆ. ದೇಶವಿಭಜನೆಯ ನಂತರ ಉದ್ದನಾರಿನ ಹತ್ತಿಯ ಸೀಮೆಗಳು ಪಾಕಿಸ್ತಾನದ ಪಾಲಾಗಿ, ಭಾರತದ ಗಿರಣಿಗಳೇ ಇಂಥ ಹತ್ತಿಗೆ ಬಾಯಿ ಬಿಡತೊಡಗಿದವು. ರಫ್ತಿನ ಮಾತು ಹಿಂದೆ ಸರಿಯಿತು. ಹುಲಕೋಟಿಯಲ್ಲಿ ಕೆ. ಎಚ್. ಪಾಟೀಲರ ಮುಂದಾಳುತನದಲ್ಲಿ ಎದ್ದ ಸಹಕಾರಿ ನೂಲಿನ ಗಿರಣಿ, ಅರಳೆ ಊರಿನಲ್ಲೇ ನೂಲಾಗಲಿ ಎಂಬ ಬೇರೆಯೇ ದಾರಿ ಹಿಡಿಯಿತು.

ರಫ್ತುದಾರನೆಂದು ಕರೆಸಿಕೊಳ್ಳದೆ ರಫ್ತನ್ನು ನಡೆಸಿದ ಅಡತಿಯ ಬಾಳನ್ನು ಅಧಿಕಾರಿಗಳ ವರದಿಯಿಂದ ಇಷ್ಟೇ ತೆಗೆಯಬಹುದು. ಉಳಿದದ್ದು ಅವನ ಕೀರ್ದಿ, ಖತಾವಣಿ, ಹುಂಡಿ, ಜಿನ್ನಿನ ಹಾಜರಿ ಪುಸ್ತಕಗಳಲ್ಲಿ ಇರತಕ್ಕದ್ದು. ಗದಗ-ಬೆಟಗೇರಿ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿಯ ಹಳೆಯ ಅಂಗಡಿ ಮನೆತನಗಳಲ್ಲಿ ಮೋಡಿ ಲಿಪಿಯ, ಕನ್ನಡದ ಇಂಥ ಲೆಕ್ಕದ ಪುಸ್ತಕಗಳಿದ್ದರೆ ರದ್ದಿಗೆ ಹಾಕುವ ಮೊದಲು ಧಾರವಾಡದ ಕನ್ನಡ ಸಂಶೋಧನ ಸಂಸ್ಥೆಗೆ ಒಮ್ಮೆ ತೋರಿಸಿರೆಂದು ಆ ಮನೆಗಳವರಲ್ಲಿ ನನ್ನ ವಿನಂತಿ.