ಕ್ಲೋಸ್‌ಪೇಟೆ

ಕ್ಲೋಸ್‌ಪೇಟೆ ಎಂಬುದು ಕರ್ನಾಟಕದ ರಾಮನಗರ ಪಟ್ಟಣಕ್ಕೆ ಸ್ವಾತಂತ್ರ್ಯಪೂರ್ವದಲ್ಲಿದ್ದ ಹೆಸರು. ಮೈಸೂರು ಸಂಸ್ಥಾನದಲ್ಲಿ ಈಸ್ಟ್ ಇಂಡಿಯಾ ಕಂಪನಿಯ ರೆಸಿಡೆಂಟ್ ಆಗಿದ್ದ ಸರ್ ಬ್ಯಾರಿ ಕ್ಲೋಸ್ (1756–1813) ಎಂಬ ಸೇನಾಧಿಕಾರಿಯ ಗೌರವಾರ್ಥ ಈ ಹೆಸರನ್ನಿಡಲಾಯಿತು. ಊರಿನ ಹೆಸರು ಬದಲಾಗಿದ್ದರೂ ಭೂವಿಜ್ಞಾನದಲ್ಲಿ ಅದು ಇಂದಿಗೂ ಬಳಕೆಯಲ್ಲಿದೆ.

ಹಿನ್ನೆಲೆ

ಟಿಪ್ಪು ಸುಲ್ತಾನನ ಕಾಲದಲ್ಲಿ ಈ ಊರಿಗೆ ಶಂಸೇರಾಬಾದ್ ಎಂಬ ಹೆಸರಿತ್ತು. ಮೂರನೆಯ ಮೈಸೂರು ಯುದ್ಧದಲ್ಲಿ ಕಾರ್ನ್‌ವಾಲಿಸನ ಸೈನ್ಯವು ಶ್ರೀರಂಗಪಟ್ಟಣದ ಮುತ್ತಿಗೆಗೆ ಮೊದಲು ಈ ಭಾಗದ ಗಿರಿದುರ್ಗಗಳನ್ನು ವಶಪಡಿಸಿಕೊಂಡಿತು. ಮಾಗಡಿ ಸಮೀಪದ ಸಾವನದುರ್ಗವು 1791ರ ಡಿಸೆಂಬರಿನಲ್ಲಿ ಅದರ ಕೈಸೇರಿತು. 1799ರಲ್ಲಿ ಟಿಪ್ಪು ಮಡಿದ ಬಳಿಕ ಬಾಲಕ ಮುಮ್ಮಡಿ ಕೃಷ್ಣರಾಜ ಒಡೆಯರಿಗೆ ಪಟ್ಟಾಭಿಷೇಕವಾಯಿತು. ಕಂಪನಿಯ ಸೈನ್ಯದ ವೆಚ್ಚಕ್ಕಾಗಿ ಸಂಸ್ಥಾನವು ವರ್ಷಕ್ಕೆ 7 ಲಕ್ಷ ವರಹಗಳನ್ನು ತೆರಬೇಕೆಂದು ಒಪ್ಪಂದವಾಯಿತು.

ನಾಮಕರಣ

ಬೆಂಗಳೂರು–ಶ್ರೀರಂಗಪಟ್ಟಣ ಹೆದ್ದಾರಿಯ ಈ ಭಾಗವು ಆಗ ದಟ್ಟ ಕಾಡಿನಿಂದ ಸುತ್ತುವರಿದಿತ್ತು. ದಾರಿಯ ರಕ್ಷಣೆಗಾಗಿ ದಿವಾನ್ ಪೂರ್ಣಯ್ಯನವರು 1800ರಲ್ಲಿ ಇಲ್ಲಿ ಪೇಟೆಯೊಂದನ್ನು ಕಟ್ಟಿಸಿದರು. ಅದಕ್ಕೆ ರೆಸಿಡೆಂಟನ ಹೆಸರು ಬಂದಿತು. ಸಿಂಹಾಸನವು ಅರಸರದಾದರೂ ಅಧಿಕಾರದ ಮೇಲಿನ ಹಿಡಿತವು ರೆಸಿಡೆನ್ಸಿಯದಾಗಿತ್ತು ಎಂಬುದಕ್ಕೆ ಈ ನಾಮಕರಣವು ಒಂದು ನಿದರ್ಶನ. 1831ರಿಂದ 1881ರವರೆಗೆ ಬ್ರಿಟಿಷ್ ಕಮಿಷನರುಗಳೇ ಸಂಸ್ಥಾನವನ್ನು ನೇರವಾಗಿ ಆಳಿದರು.

ಹೆಸರಿನ ಬದಲಾವಣೆ

ಸ್ವಾತಂತ್ರ್ಯಾನಂತರ, ಇದೇ ಪ್ರದೇಶದವರಾದ ಕೆಂಗಲ್ ಹನುಮಂತಯ್ಯನವರು ಊರಿಗೆ ರಾಮನಗರವೆಂಬ ಹೆಸರು ಬರಲು ಕಾರಣರಾದರು. ಅವರು 1952ರಿಂದ 1956ರವರೆಗೆ ಮೈಸೂರು ರಾಜ್ಯದ ಮುಖ್ಯಮಂತ್ರಿಯಾಗಿದ್ದರು. ಊರಿನ ಪಕ್ಕದ ರಾಮದೇವರ ಬೆಟ್ಟವು ಶ್ರೀರಾಮನ ಐತಿಹ್ಯದೊಡನೆ ಬೆಸೆದುಕೊಂಡಿದೆ.

ಕ್ಲೋಸ್‌ಪೇಟೆ ಗ್ರಾನೈಟ್

ರಾಮದೇವರ ಬೆಟ್ಟ, ಸಾವನದುರ್ಗ ಮೊದಲಾದ ಬಂಡೆಗಳು ಉತ್ತರ–ದಕ್ಷಿಣವಾಗಿ ಸುಮಾರು 400 ಕಿ.ಮೀ. ಚಾಚಿರುವ ಶಿಲಾಪಟ್ಟಿಗೆ ಸೇರಿವೆ. ಸುಮಾರು 250 ಕೋಟಿ ವರ್ಷ ಹಳೆಯದಾದ ಈ ಶಿಲೆಯನ್ನು ವಿಜ್ಞಾನಿಗಳು ಇಂದಿಗೂ 'ಕ್ಲೋಸ್‌ಪೇಟೆ ಗ್ರಾನೈಟ್' ಎಂದೇ ಕರೆಯುತ್ತಾರೆ. ಒಮ್ಮೆ ಶಾಸ್ತ್ರಗ್ರಂಥಗಳಲ್ಲಿ ನೆಲೆಗೊಂಡ ಶಿಲಾನಾಮವು ಊರಿನ ಹೆಸರಿನೊಡನೆ ತಾನಾಗಿ ಬದಲಾಗುವುದಿಲ್ಲ. ಹೀಗಾಗಿ ಸರ್ಕಾರಿ ಫಲಕಗಳಿಂದ ಮರೆಯಾದ ವಸಾಹತು ಅಧಿಕಾರಿಯ ಹೆಸರು ಶಿಲೆಯ ಹೆಸರಿನಲ್ಲಿ ಉಳಿದಿದೆ.

ಇತ್ತೀಚಿನ ಬೆಳವಣಿಗೆ

2007ರ ಆಗಸ್ಟ್‌ನಲ್ಲಿ ಬೆಂಗಳೂರು ಗ್ರಾಮಾಂತರ ಜಿಲ್ಲೆಯಿಂದ ರಾಮನಗರ, ಚನ್ನಪಟ್ಟಣ, ಕನಕಪುರ, ಮಾಗಡಿ ತಾಲ್ಲೂಕುಗಳನ್ನು ಬೇರ್ಪಡಿಸಿ ರಾಮನಗರ ಜಿಲ್ಲೆಯನ್ನು ರಚಿಸಲಾಯಿತು. 2025ರಲ್ಲಿ ಇದಕ್ಕೆ ಬೆಂಗಳೂರು ದಕ್ಷಿಣ ಜಿಲ್ಲೆ ಎಂದು ಮರುನಾಮಕರಣವಾಯಿತು. ಬೆಂಗಳೂರಿನ ಹೆಸರಿನಿಂದ ಬಂಡವಾಳ ಹರಿದುಬರುವುದೆಂದು ಪರವಾದವರೂ, ಸ್ಥಳೀಯ ಅಸ್ಮಿತೆಗೆ ಧಕ್ಕೆಯಾಗುವುದೆಂದು ವಿರೋಧಿಗಳೂ ವಾದಿಸಿದರು. ಜಿಲ್ಲಾ ಕೇಂದ್ರವು ರಾಮನಗರದಲ್ಲಿಯೇ ಮುಂದುವರಿಯಿತು. ಪಟ್ಟಣದ ಹೆಸರು ಬದಲಾಗಲಿಲ್ಲ.