ಎರೆಮಣ್ಣಿನ ಮೇಲಿನ ರಕ್ತಕಲೆ: ಧಾರವಾಡ ಗ್ರಾಮೀಣ ಭಾಗದ ಸ್ಥಳ ಪಂಚನಾಮೆಯನ್ನು ಕುರಿತು

ಹೊಲದಲ್ಲೋ ಕಣದಲ್ಲೋ ಕೊಲೆಯಾದಾಗ ಬರೆಯುವ ಸ್ಥಳ ಪಂಚನಾಮೆಯಲ್ಲಿ ಒಂದು ಸಾಲು ಸಾಮಾನ್ಯವಾಗಿ ಇರುತ್ತದೆ: ರಕ್ತಮಿಶ್ರಿತ ಮಣ್ಣು ಮತ್ತು ಸಾದಾ ಮಣ್ಣನ್ನು ಬೇರೆ ಬೇರೆ ಡಬ್ಬಿಗಳಲ್ಲಿ ಹಾಕಿ, ಅರಗಿನ ಮುದ್ರೆ ಒತ್ತಿ ಜಪ್ತಿ ಮಾಡಲಾಯಿತು. ಇದು ಬೇಕಾದದ್ದೇ. ರಕ್ತ ಮನುಷ್ಯನದೋ ಅಲ್ಲವೋ, ಯಾರದು ಎಂಬುದಕ್ಕೆ ಆ ಡಬ್ಬಿಯೇ ಆಧಾರ. ಆದರೆ ಮಣ್ಣನ್ನು ಕೆರೆದೊಡನೆ ಕಲೆಯ ಆಕಾರ ಅಳಿಯುತ್ತದೆ. ಏಟು ಬಿದ್ದಾಗ ಸತ್ತವನು ನಿಂತಿದ್ದನೋ ಮಲಗಿದ್ದನೋ, ಗಾಯಗೊಂಡು ನಾಲ್ಕು ಹೆಜ್ಜೆ ನಡೆದನೋ, ಹೆಣವನ್ನು ಬೇರೆಡೆಯಿಂದ ಎಳೆದು ತಂದರೋ ಎಂಬುದನ್ನು ಹೇಳಬೇಕಾದದ್ದು ಆ ಆಕಾರ.

1895ರಲ್ಲಿ ಎಡುವರ್ಡ್ ಪಿಯೊಟ್ರೋವ್ಸ್ಕಿ ಪ್ರಯೋಗಗಳಿಂದ ಆರಂಭಿಸಿದ, ರಕ್ತಕಲೆಯ ಆಕಾರದ ಈ ಅಧ್ಯಯನಕ್ಕೆ, ಅಮೆರಿಕದ ಸ್ಯಾಮ್ ಶೆಪರ್ಡ್ ಕೊಲೆ ಪ್ರಕರಣದಲ್ಲಿ ಪಾಲ್ ಕರ್ಕ್ 1955ರಲ್ಲಿ ಸಲ್ಲಿಸಿದ ಪ್ರಮಾಣಪತ್ರದಿಂದ ನ್ಯಾಯಾಲಯದಲ್ಲಿ ಗಮನ ಸಿಕ್ಕಿತು. ಲೆಕ್ಕ ಸರಳ. ಓರೆಯಾಗಿ ಬಡಿದ ಹನಿ ಉದ್ದುದ್ದ ಕಲೆಯಾಗುತ್ತದೆ. ಅಗಲವನ್ನು ಉದ್ದದಿಂದ ಭಾಗಿಸಿದರೆ ಬಡಿದ ಕೋನದ ಸೈನ್ ಬೆಲೆ ಸಿಗುತ್ತದೆ. ಅಗಲ 4 ಮಿ.ಮೀ., ಉದ್ದ 8 ಮಿ.ಮೀ. ಇದ್ದರೆ ಕೋನ 30 ಡಿಗ್ರಿ. ಪತ್ರಾಸಿನ ಬಾಗಿಲು, ಬಣ್ಣ ಬಳಿದ ಗೋಡೆ, ನುಣುಪಾದ ಫರಸಿಯ ಮೇಲೆ ಇದು ನಡೆಯುತ್ತದೆ. ಅಲ್ಲಿಯೂ ಎಚ್ಚರ ಬೇಕು: ಹನಿ ಬಾಗಿ ಬೀಳುವುದರಿಂದ, ಕಲೆಯಿಂದ ಹಿಂದಕ್ಕೆ ನೇರಗೆರೆ ಎಳೆದರೆ ರಕ್ತ ಚಿಮ್ಮಿದ ಜಾಗ ಇದ್ದದ್ದಕ್ಕಿಂತ ಎತ್ತರದಲ್ಲಿ ಕಾಣುತ್ತದೆ.

ನವಲಗುಂದ, ಅಣ್ಣಿಗೇರಿ, ಕುಂದಗೋಳದ ಎರೆಹೊಲದಲ್ಲಿ ಈ ಅಳತೆಯೇ ಸಾಧ್ಯವಿಲ್ಲ. ಬೇಸಿಗೆಯಲ್ಲಿ ನೆಲ ಬಿರಿದಿರುತ್ತದೆ. ಹನಿ ಬಿರುಕಿಗೆ ಇಳಿಯುತ್ತದೆ, ಹೆಂಟೆಯ ಒರಟು ಮೈಯಲ್ಲಿ ಹರಡುತ್ತದೆ, ಒಣಗಿದ ಮೇಲೆ ಕಪ್ಪಿನಲ್ಲಿ ಕಪ್ಪಾಗುತ್ತದೆ. ಸಗಣಿ ಸಾರಿಸಿದ ನೆಲ ಕಲೆಯ ಅಂಚನ್ನು ಹೀರುತ್ತದೆ. ಕಲಘಟಗಿಯಲ್ಲಿ ಕೆಂಪುಮಣ್ಣು ಮತ್ತು ಮುಂಗಾರಿನ ಜಿಟಿಜಿಟಿ ಮಳೆ ಬೇರೆಯೇ ತೊಡಕು. ಇಂಥಲ್ಲಿ ಡಿಗ್ರಿಯಲ್ಲಿ ಉತ್ತರ ಕೊಡುವ ತಜ್ಞರನ್ನು ನಾನು ನಂಬಲಾರೆ. ಹಾಗೆಂದು ನೆಲ ಏನನ್ನೂ ಹೇಳುವುದಿಲ್ಲವೆಂದಲ್ಲ. ಹೆಂಟೆಯ ಯಾವ ಮಗ್ಗುಲಿಗೆ ಹನಿ ಅಂಟಿದೆ, ಎಳೆದ ಗುರುತು ಎತ್ತ ಸಾಗಿದೆ, ಮಡುಗಟ್ಟಿದ್ದು ಎಲ್ಲಿ ಎಂಬುದು ಕಾಣುತ್ತದೆ. ಹೊಲದಲ್ಲಿ ಜೋಳ ನಿಂತಿದ್ದರೆ ದಂಟಿನ ಮೇಲಿನ ಕಲೆ ನೆಲದಿಂದ ಎಷ್ಟು ಎತ್ತರದಲ್ಲಿದೆ ಎಂದು ಅಳೆಯಬಹುದು. ಎಲೆ ಬಾಡುವ ಮುನ್ನ, ಅಳತೆಪಟ್ಟಿ ಇಟ್ಟು ಚಿತ್ರ ತೆಗೆಯಬೇಕು, ಅಷ್ಟೇ. ಪಂಚರು ನಾಳೆ ಪ್ರತಿಕೂಲ ಸಾಕ್ಷಿಗಳಾದರೂ ಆ ಚಿತ್ರ ಉಳಿಯುತ್ತದೆ.

ಗೋಡೆಯ ಮೇಲಿನ ಎಲೆಅಡಿಕೆಯ ಉಗುಳು, ಹರಕೆಗೆ ಕಡಿದ ಕುರಿಯ ರಕ್ತ ಕೂಡ ಕಣ್ಣಿಗೆ ಮೋಸ ಮಾಡುತ್ತವೆ. ಫಿನಾಲ್ಫ್ತಲೀನ್ ಪರೀಕ್ಷೆ ರಕ್ತವಿರಬಹುದು ಎಂದಷ್ಟೇ ಸೂಚಿಸುತ್ತದೆ. ಅದು ಯಾವ ಪ್ರಾಣಿಯದೆಂದು ಹೇಳುವುದಿಲ್ಲ.

ರಕ್ತಕಲೆಯ ಆಕಾರದ ವಿಶ್ಲೇಷಣೆಯಲ್ಲಿನ ಅನಿಶ್ಚಿತತೆ ಅಗಾಧವೆಂದು ಅಮೆರಿಕದ ರಾಷ್ಟ್ರೀಯ ವಿಜ್ಞಾನ ಅಕಾಡೆಮಿಯ 2009ರ ವರದಿ ಎಚ್ಚರಿಸಿತ್ತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 176(3)ನೇ ಕಲಮು, ಏಳು ವರ್ಷ ಅಥವಾ ಹೆಚ್ಚಿನ ಶಿಕ್ಷೆಯ ಅಪರಾಧಗಳಲ್ಲಿ ವಿಧಿವಿಜ್ಞಾನ ತಜ್ಞರು ಸ್ಥಳಕ್ಕೆ ಬರಬೇಕು, ಚಿತ್ರೀಕರಣವಾಗಬೇಕು ಎನ್ನುತ್ತದೆ. ಈ ಕಲಮನ್ನು ಜಾರಿಗೆ ತರಲು ರಾಜ್ಯಗಳಿಗೆ ಐದು ವರ್ಷಗಳ ಅವಕಾಶವಿದೆ. ತಜ್ಞರು ಬಂದರೂ ಅವರ ಕೈಯಲ್ಲಿ ಈ ನೆಲದ ಮಾದರಿಗಳಿರಬೇಕು. 2023ರ ಜನವರಿಯಲ್ಲಿ ಶಂಕುಸ್ಥಾಪನೆಯಾದ ರಾಷ್ಟ್ರೀಯ ವಿಧಿವಿಜ್ಞಾನ ವಿಶ್ವವಿದ್ಯಾಲಯದ ಧಾರವಾಡ ಕ್ಯಾಂಪಸ್ ಈ ಕೆಲಸಕ್ಕೆ ತಕ್ಕ ಜಾಗ: ಮೇಲೆ ಹೇಳಿದ ನಾಲ್ಕೂ ತಾಲ್ಲೂಕುಗಳ ಮಣ್ಣು ತಂದು, ಒಣಗಿದಾಗ ಮತ್ತು ಹಸಿಯಿದ್ದಾಗ, ಗೊತ್ತಾದ ಎತ್ತರ ಮತ್ತು ಕೋನಗಳಿಂದ ಪ್ರಾಣಿರಕ್ತ ಬೀಳಿಸಿ, ಕಲೆಗಳ ಚಿತ್ರಕೋಶವೊಂದನ್ನು ಕಟ್ಟಬೇಕು. ಯಾವ ಮಣ್ಣಿನಲ್ಲಿ ಲೆಕ್ಕ ನಿಲ್ಲುತ್ತದೆ, ಎಲ್ಲಿ ನಿಲ್ಲುವುದಿಲ್ಲ ಎಂಬುದು ಆಗ ನ್ಯಾಯಾಲಯದ ಮುಂದೆ ಸಾಕ್ಷ್ಯವಾಗಿ ಇಡಬಹುದಾದ ಸಂಗತಿಯಾಗುತ್ತದೆ.